ಪಾತ್ರದಿಂದ ಮರಳುವ ದಾರಿ

ಈವರೆಗೆ ನಾನು ನಟಿಸಿದ ಐದು ಸಿನಿಮಾಗಳಲ್ಲಿ ಮೂರಕ್ಕೆ ‘ಎ’ ಪ್ರಮಾಣಪತ್ರ ದೊರೆತಿದೆ. ಬೆಟಗೇರಿಯ ನೇಕಾರರ ಓಣಿಯಲ್ಲಿ ಹುಟ್ಟಿ, ಧಾರವಾಡದಲ್ಲಿ ಓದಿ, ಹೆಗ್ಗೋಡಿನ ನೀನಾಸಮ್‌ನಲ್ಲಿ ಒಂದು ವರ್ಷ ರಂಗಶಿಕ್ಷಣ ಪಡೆದು ಬಂದ ನನಗೆ ಇಂಥ ಚಿತ್ರಗಳಲ್ಲಿಯೇ ನಟಿಸಬೇಕೆಂಬ ಹಟವೇನೂ ಇರಲಿಲ್ಲ. ಕಡಿಮೆ ದುಡ್ಡಿನಲ್ಲಿ, ದೊಡ್ಡ ಹೆಸರಿನ ತಾರೆಯರಿಲ್ಲದೆ ಸಿನಿಮಾ ಮಾಡಹೊರಟವರು ಮೊದಲು ಹುಡುಕಿಕೊಂಡು ಬರುವುದು ನಾಟಕದವರನ್ನು. ಅವರು ತರುವ ಕಥೆಗಳಲ್ಲಿ ಹೆಂಗಸಿನ ಹಾಸಿಗೆ, ಹೆರಿಗೆ, ಸಾವು, ಆಸೆ ಎಲ್ಲವೂ ಮರೆಯಿಲ್ಲದೆ ಬರುತ್ತವೆ. ಆ ಪಾತ್ರಗಳೊಳಕ್ಕೆ ಹೋಗುವ ದಾರಿಯನ್ನು ನನಗೆ ಗುರುಗಳು ಚೆನ್ನಾಗಿಯೇ ಕಲಿಸಿದ್ದರು. ಮರಳಿ ಬರುವ ದಾರಿಯನ್ನು ಮಾತ್ರ ಹತ್ತು ವರ್ಷಗಳಲ್ಲಿ, ಮೂರು ಚಿತ್ರಗಳನ್ನು ದಾಟಿ, ನಾನೇ ಕಲಿಯಬೇಕಾಯಿತು. ಆ ಕಲಿಕೆಯನ್ನು ಇಲ್ಲಿ ಬರೆದಿಡುತ್ತಿದ್ದೇನೆ.

ಮೊದಲನೆಯ ಚಿತ್ರದ ಶೂಟಿಂಗ್ 2014ರ ಬೇಸಿಗೆಯಲ್ಲಿ ಹಾನಗಲ್ ತಾಲ್ಲೂಕಿನ ಒಂದು ಹಳ್ಳಿಯಲ್ಲಿ ನಡೆಯಿತು. ಗೋವಾಕ್ಕೆ ದುಡಿಯಲು ಹೋದ ಗಂಡ ವರ್ಷಗಟ್ಟಲೆ ಮನೆಗೆ ಬಾರದಿದ್ದಾಗ ಅವನ ಗೆಳೆಯನೊಡನೆ ಸಂಬಂಧ ಬೆಳೆಸುವ ಹೆಂಗಸಿನ ಪಾತ್ರ ನನ್ನದು. ಅದು ನಾಟಕದ ಸೀಮೆ. ಶೇಷಗಿರಿಯಂಥ ಪುಟ್ಟ ಊರೊಂದು ತನ್ನದೇ ರಂಗಮಂದಿರ ಕಟ್ಟಿಕೊಂಡು ನಾಟಕ ಆಡುವುದು ಅದೇ ತಾಲ್ಲೂಕಿನಲ್ಲಿ. ಊರಿನ ಹೆಣ್ಣುಮಕ್ಕಳು ನನ್ನನ್ನು ತಮ್ಮ ಕಟ್ಟೆಯ ಮೇಲೆ ಕೂರಿಸಿಕೊಂಡು, ನನ್ನ ಪಾತ್ರದ ಕಷ್ಟವನ್ನು ಕೇಳಿ, ‘ಗೋವಾಕ್ಕ ಹೋದಾವ್ರ ಕತಿ ಇಷ್ಟರಿ’ ಎಂದು ತಾವೇ ನಾಲ್ಕು ಮಾತು ಸೇರಿಸುತ್ತಿದ್ದರು. ಅಲ್ಲಿಯವರೆಗೆ ಎಲ್ಲವೂ ಸರಿಯಾಗಿಯೇ ಇತ್ತು. ಆದರೆ ಚಿತ್ರಕಥೆಯಲ್ಲಿ ಆ ರಾತ್ರಿಯ ದೃಶ್ಯಕ್ಕೆ ಇದ್ದದ್ದು ಒಂದೇ ಸಾಲು: ‘ಇಬ್ಬರೂ ಹತ್ತಿರವಾಗುತ್ತಾರೆ.’ ಆ ಸಾಲಿನೊಳಗೆ ಏನೇನಿದೆಯೆಂದು ನಾನು ಕೇಳಲಿಲ್ಲ. ಯಾರೂ ಹೇಳಲೂ ಇಲ್ಲ.

ದೃಶ್ಯದ ಹೊತ್ತಿಗೆ ಸಣ್ಣ ಕೋಣೆಯಲ್ಲಿ ಇಪ್ಪತ್ತು ಜನರಿದ್ದರು. ಲೈಟ್ ಹುಡುಗರು ಇರಲೇಬೇಕಿತ್ತು ಎನ್ನೋಣ. ಊಟ ತಂದವರು, ಗಾಡಿ ಓಡಿಸುವವರು ಯಾಕಿದ್ದರೋ ತಿಳಿಯದು. ‘ಸ್ವಲ್ಪ ಫ್ರೀ ಆಗಿ ಮಾಡ್ರಿ ಮೇಡಂ, ನಾಟಕದಾಗ ಮಾಡಿದಂಗ ಬ್ಯಾಡ’ ಎಂಬುದೊಂದೇ ನನಗೆ ಸಿಕ್ಕ ನಿರ್ದೇಶನ. ಎದುರಿನ ನಟ ಸಂಭಾವಿತ. ಅವನ ಕೈಗಳು ನಡುಗುತ್ತಿದ್ದವು. ಐದು ಟೇಕ್ ಆದವು. ಪ್ರತಿ ಟೇಕಿನಲ್ಲಿಯೂ ಅವನ ಕೈ ಬೇರೆ ಬೇರೆ ಕಡೆಗೆ ಬಂತು, ಯಾಕೆಂದರೆ ಎಲ್ಲಿಗೆ ಬರಬೇಕೆಂದು ಅವನಿಗೂ ಯಾರೂ ಹೇಳಿರಲಿಲ್ಲ. ಮುಂದಿನ ಕ್ಷಣ ಅದು ಎಲ್ಲಿ ಬೀಳುತ್ತದೆಯೆಂದು ಮೈಯೆಲ್ಲ ಕಾಯುತ್ತಿದ್ದಾಗ ಮುಖದ ಮೇಲೆ ಪ್ರೀತಿ ತರುವುದು ಹೇಗೆ? ಐದನೆಯ ಟೇಕ್ ಓಕೆ ಆದ ಮೇಲೆ ಸೀರೆಯ ಸೆರಗನ್ನು ನಾನೇ ಕತ್ತಲೆಯಲ್ಲಿ ಹುಡುಕಿ ಹೊದ್ದುಕೊಂಡೆ. ರಾತ್ರಿ ಬಿಸಿ ರೊಟ್ಟಿ, ಬದನೆಕಾಯಿ ಎಣಗಾಯಿ ಬಡಿಸಿದ್ದರು. ತುತ್ತು ಗಂಟಲಲ್ಲಿ ಇಳಿಯಲಿಲ್ಲ. ಆ ದೃಶ್ಯ ಕಥೆಗೆ ಬೇಕಾಗಿತ್ತೆಂದು ಇಂದಿಗೂ ಒಪ್ಪುತ್ತೇನೆ. ಅದು ನನಗೆ ತಿಳಿಯದಂತೆ ನನ್ನ ಮೇಲೆ ನಡೆದದ್ದನ್ನು ಮಾತ್ರ ಒಪ್ಪಲಾರೆ.

ಆ ಚಿತ್ರ ಒಂದು ವಾರ ಓಡಿತು. ಆರು ತಿಂಗಳ ನಂತರ ಯಾರೋ ಆ ದೃಶ್ಯವನ್ನಷ್ಟೇ ಕತ್ತರಿಸಿ, ಮೇಲೊಂದು ಹೊಲಸು ತಲೆಬರಹ ಅಂಟಿಸಿ ವಾಟ್ಸಾಪ್‌ನಲ್ಲಿ ಹರಿಯಬಿಟ್ಟರು. ಎರಡು ನಿಮಿಷದ ಆ ತುಣುಕು ಗದಗಿನಲ್ಲಿ ಅಂಗಡಿ ನಡೆಸುವ ನನ್ನ ತಮ್ಮನ ಫೋನಿಗೆ ಅವನ ಗಿರಾಕಿಯೊಬ್ಬರಿಂದಲೇ ಬಂತು. ಅವನು ಫೋನ್ ಮಾಡಲಿಲ್ಲ. ಮಧ್ಯಾಹ್ನದ ಹೊತ್ತಿಗೆ ಅಂಗಡಿ ಮುಚ್ಚಿ, ಹುಬ್ಬಳ್ಳಿಗೆ ಬಂದು ಬಸ್ಸು ಬದಲಿಸಿ, ಧಾರವಾಡದ ಸಪ್ತಾಪುರದ ನನ್ನ ಬಾಡಿಗೆ ಮನೆಯ ಬಾಗಿಲಿಗೆ ಬಂದು ನಿಂತ. ನೀರು ಕೊಟ್ಟೆ, ಕುಡಿದ. ಬಹಳ ಹೊತ್ತು ನೆಲ ನೋಡುತ್ತ ಕುಳಿತಿದ್ದು, ‘ಅಕ್ಕಾ, ಅವ್ವಗ ತೋರಿಸಿಲ್ಲ. ಆದ್ರ ಓಣ್ಯಾಗ ಎಲ್ಲಾರೂ ನೋಡ್ಯಾರ’ ಎಂದ. ನನ್ನನ್ನು ಬೈಯಲು ಬಂದಿರಲಿಲ್ಲ; ನಾನು ಊಟ ಮಾಡಿದ್ದೇನೋ ಇಲ್ಲವೋ ನೋಡಲು ಬಂದಿದ್ದ. ಸಂಜೆ ಇಬ್ಬರೂ ಕೂಡಿ ಪೊಲೀಸ್ ಠಾಣೆಗೆ ಹೋಗಿ ದೂರು ಬರೆದುಕೊಟ್ಟೆವು. ದೂರಿಗೆ ಬೇಕಾದ ಫೋಟೊಗಳನ್ನು ತನ್ನ ಫೋನಿನಿಂದ ಒಂದೊಂದಾಗಿ ತೆಗೆದುಕೊಡುವಾಗ ಅವನು ಪರದೆಯನ್ನು ನನ್ನ ಕಡೆಗೆ ತಿರುಗಿಸಲಿಲ್ಲ. 2021ರ ಮಾಹಿತಿ ತಂತ್ರಜ್ಞಾನ ನಿಯಮಗಳ ಪ್ರಕಾರ ಈಗ ಇಂಥ ತುಣುಕಿನ ಬಗ್ಗೆ ಅದರಲ್ಲಿರುವ ವ್ಯಕ್ತಿಯೇ ದೂರಿತ್ತರೆ ಸಾಮಾಜಿಕ ಜಾಲತಾಣದವರು 24 ಗಂಟೆಯೊಳಗೆ, 2026ರ ತಿದ್ದುಪಡಿಯ ನಂತರ 2 ಗಂಟೆಯೊಳಗೆ, ಅದನ್ನು ತೆಗೆಯಲು ಕ್ರಮ ಕೈಗೊಳ್ಳಬೇಕು. ಆಗ ನನಗೆ ಅಂಥ ಆಸರೆಯಿರಲಿಲ್ಲ.

ನೀನಾಸಮ್‌ನಲ್ಲಿ ಓದುವಾಗ ಭರತನ ನಾಟ್ಯಶಾಸ್ತ್ರದ ಒಂದು ಮಾತನ್ನು ನಾವು ತಮಾಷೆಯೆಂದು ಬಗೆದಿದ್ದೆವು. ಶಯನ, ಚುಂಬನ, ಆಲಿಂಗನಗಳನ್ನು ರಂಗದ ಮೇಲೆ ತೋರಿಸಬಾರದು, ಏಕೆಂದರೆ ನಾಟಕವನ್ನು ತಂದೆ, ಮಗ, ಸೊಸೆ, ಅತ್ತೆ ಒಟ್ಟಿಗೆ ಕುಳಿತು ನೋಡುತ್ತಾರೆ ಎಂದು ಅಲ್ಲಿದೆ. ತಮ್ಮ ಬಂದು ಹೋದ ರಾತ್ರಿ ಆ ಮಾತಿನ ತಿರುಳು ನನಗೆ ತಿಳಿಯಿತು. ಭರತ ದೃಶ್ಯವನ್ನು ಕೊಳಕೆಂದು ಹೇಳಿಲ್ಲ. ಯಾರ ಪಕ್ಕದಲ್ಲಿ ಕುಳಿತು ನೋಡುತ್ತೇವೆ ಎಂಬುದು ನೋಟವನ್ನೇ ಬದಲಿಸುತ್ತದೆ ಎಂದಿದ್ದಾನೆ. 18 ತುಂಬಿದವರಿಗೆ ಮಾತ್ರ ಎಂದು ಚಿತ್ರಮಂದಿರದ ಬಾಗಿಲಲ್ಲಿ ಹಾಕುವ ಗೆರೆಯೂ ಅದೇ ಕೆಲಸ ಮಾಡುತ್ತದೆ. ಒಂದೂವರೆ ತಾಸಿನ ಕಥೆಯಲ್ಲಿ ಆ ಹೆಂಗಸಿನ ಒಂಟಿತನವನ್ನು ನೋಡಿ ಆ ದೃಶ್ಯಕ್ಕೆ ಬಂದವನಿಗೂ, ಚಹಾದಂಗಡಿಯಲ್ಲಿ ನಿಂತು ಎರಡು ನಿಮಿಷ ನೋಡಿದವನಿಗೂ ಕಾಣಿಸಿದ್ದು ಒಂದೇ ಅಲ್ಲ.

ಮುಂದೆ ನಾಲ್ಕು ವರ್ಷ ನಾನು ನಾಟಕಕ್ಕೇ ಅಂಟಿಕೊಂಡೆ. ಹೊಟ್ಟೆಪಾಡಿಗೆ ಒಂದು ಕಾಲೇಜಿನಲ್ಲಿ ಅತಿಥಿ ಉಪನ್ಯಾಸಕಿಯಾಗಿದ್ದೆ.

ಎರಡನೆಯ ಚಿತ್ರ 2019ರದ್ದು. ಸತ್ತ ಕೂಸನ್ನು ಹೆತ್ತ ಹೆಂಗಸೊಬ್ಬಳು ಆಸ್ಪತ್ರೆಯಿಂದ ಮನೆಗೆ ಬಂದ ಮೇಲಿನ ನಲವತ್ತು ದಿನಗಳ ಕಥೆ ಅದು. ಅವ್ವನಿಗೆ ಕಥೆ ಹೇಳಿದಾಗ, ‘ಕಲ್ಪನಾನ ಶರಪಂಜರದಂಗ ಐತೇನು?’ ಎಂದು ಕೇಳಿದಳು. 1971ರ ಆ ಚಿತ್ರದಲ್ಲಿ ಬಾಣಂತನದ ನಂತರ ಮನಸ್ಸು ಕದಡಿದ ಕಾವೇರಿಯನ್ನು ನೋಡಿ ಅವಳ ತಲೆಮಾರಿನ ಹೆಂಗಸರೆಲ್ಲ ಅತ್ತವರೇ. ಹಾಗೆ ಜೋರಾಗಿ ಒಡೆಯುವ ಪಾತ್ರವಲ್ಲ, ಮಾತೇ ಆಡದವಳು ಎಂದು ಹೇಳಿದೆ. ‘ಹಂಗಾದ್ರ ಇನ್ನೂ ತ್ರಾಸು’ ಎಂದಳು ಅವ್ವ.

ತಯಾರಿಗೆಂದು ಹುಬ್ಬಳ್ಳಿಯಲ್ಲಿ ಹೆರಿಗೆ ವಾರ್ಡಿನಲ್ಲಿ ಬಹಳ ವರ್ಷ ಕೆಲಸ ಮಾಡಿ ನಿವೃತ್ತರಾದ ನರ್ಸ್ ಒಬ್ಬರನ್ನು ಕಂಡೆ. ನಾನು ಬರೆದುಕೊಂಡು ಹೋಗಿದ್ದ ಪ್ರಶ್ನೆಗಳೆಲ್ಲ ಅಳುವಿನ ಬಗ್ಗೆಯೇ ಇದ್ದವು. ಅವರು ಕೇಳಿಸಿಕೊಂಡು, ‘ಕೂಸು ಹೋದ ದಿನ ಭಾಳ ಮಂದಿ ಅಳೂದಿಲ್ಲರಿ. ಬಿಲ್ ಎಷ್ಟಾತು, ಡಿಸ್ಚಾರ್ಜ್ ಯಾವಾಗ ಅಂತ ಕೇಳತಾರ. ಮೂರನೇ ದಿನ ಎದಿ ತುಂಬಿ ಬರತೈತಲ್ರಿ, ಆವಾಗ ಅಳತಾರ’ ಎಂದರು. ಮಾಸು ಬಿದ್ದ ಮೇಲೆ ರಕ್ತದಲ್ಲಿ ಪ್ರೊಜೆಸ್ಟರಾನ್ ಎಂಬ ಹಾರ್ಮೋನು ಇಳಿಯುತ್ತದೆ, ಎರಡು ಮೂರು ದಿನಗಳಲ್ಲಿ ಹಾಲು ಬರುತ್ತದೆ. ಕೂಸು ಬದುಕಿದೆಯೋ ಇಲ್ಲವೋ ಎಂದು ದೇಹ ಕೇಳುವುದಿಲ್ಲ. ನಾನು ಹೆತ್ತವಳಲ್ಲ. ಇದು ನನಗೆ ಗೊತ್ತೇ ಇರಲಿಲ್ಲ. ನಿರ್ದೇಶಕರಿಗೆ ಹೇಳಿದೆ, ಅವರಿಗೂ ಗೊತ್ತಿರಲಿಲ್ಲ. ಚಿತ್ರದ ನಡುಮಧ್ಯದ ದೃಶ್ಯ ಹುಟ್ಟಿದ್ದು ಹಾಗೆ: ಬಟ್ಟೆ ಮಡಿಸುತ್ತಿದ್ದಾಗ ಕುಪ್ಪಸ ಒದ್ದೆಯಾಗುತ್ತದೆ, ಅವಳು ತಗ್ಗಿ ನೋಡುತ್ತಾಳೆ.

ಈ ದೃಶ್ಯದಲ್ಲಿ ನಾನೊಂದು ತಪ್ಪು ಮಾಡಿದೆ. ಹೊಸದಾಗಿ ನಟನೆಗೆ ಬರುವವರು ಇದನ್ನು ತಿಳಿದಿರಲೆಂದು ಬಿಡಿಸಿ ಹೇಳುತ್ತೇನೆ. ನನ್ನ ಕಣ್ಣಲ್ಲಿ ನೀರು ಬರಲಿಲ್ಲ. ‘ನಿಮ್ಮ ಜೀವನದಾಗ ಯಾರನ್ನರ ಕಳ್ಕೊಂಡಿರಬೇಕಲ್ರಿ, ಅದನ್ನ ನೆನಸ್ಕೋರಿ’ ಎಂದರು ನಿರ್ದೇಶಕರು. ನಟನ ಸ್ವಂತ ನೆನಪನ್ನು ಕೆದಕಿ ಭಾವ ಬರಿಸುವ ಈ ಬಗೆಯನ್ನು ರಷ್ಯದ ರಂಗಗುರು ಸ್ತಾನಿಸ್ಲಾವ್‌ಸ್ಕಿಯ ಆರಂಭದ ಪಾಠಗಳಲ್ಲಿ ಓದಿದ್ದೆ. ನನ್ನಪ್ಪ ಮಗ್ಗ ನೇಯುತ್ತಿದ್ದವರು. ಅವರು ತೀರಿಕೊಂಡ ಬೆಳಿಗ್ಗೆ ಬಿಳಿ ಬಟ್ಟೆಯ ಹೊರಗೆ ಅವರ ಪಾದಗಳು ಕಾಣುತ್ತಿದ್ದವು. ಮಗ್ಗದ ಕಾಲುಮಣೆ ತುಳಿದು ತುಳಿದು ಅಗಲವಾಗಿದ್ದ ಪಾದಗಳು, ಎರಡೂ ಹೆಬ್ಬೆರಳಿಗೆ ಕಟ್ಟಿದ ದಾರ. ಆ ಪಾದಗಳನ್ನು ನೆನೆದೆ. ಕಣ್ಣೀರು ಬಂತು. ಏಳು ಟೇಕಿಗೆ ಏಳು ಸಲವೂ ಬಂತು, ಆರನೆಯದರ ಹೊತ್ತಿಗೆ ಬೇಕೆಂದಾಗ ಬರತೊಡಗಿತು. ಎಲ್ಲರೂ ಮೆಚ್ಚಿದರು.

ಆಮೇಲೆ ಅಪ್ಪನ ವರ್ಷದ ದಿನ ಬಂತು. ಫೋಟೊಕ್ಕೆ ಮಾಲೆ ಹಾಕಿ ಕಣ್ಣು ಮುಚ್ಚಿದರೆ ಪಾದಗಳು ಕಂಡವು. ಆದರೆ ಎಡಗಡೆಯಿಂದ ಶೂಟಿಂಗಿನ ಲೈಟು ಬಿದ್ದಿತ್ತು. ನಮ್ಮ ಮನೆಯ ಪಡಸಾಲೆಯಲ್ಲಿ ಆ ದಿಕ್ಕಿಗೆ ಕಿಟಕಿಯೇ ಇಲ್ಲ. ಇವತ್ತಿಗೂ ಆ ನೆನಪು ಮೊದಲಿನಂತೆ ನನಗೆ ಸಿಕ್ಕಿಲ್ಲ. ಏಳು ಟೇಕಿಗೆಂದು ಖರ್ಚು ಮಾಡಿದ್ದು ನನ್ನದೊಬ್ಬಳದೇ ಸೊತ್ತಾಗಿರಲಿಲ್ಲ, ಅದರಲ್ಲಿ ಅಪ್ಪನ ಪಾಲೂ ಇತ್ತು ಎಂದು ಅನ್ನಿಸಿ ಬಹಳ ದಿನ ಅವ್ವನ ಮುಖ ನೋಡಲಾಗಲಿಲ್ಲ. ಸ್ತಾನಿಸ್ಲಾವ್‌ಸ್ಕಿ ತನ್ನ ಕೊನೆಯ ವರ್ಷಗಳಲ್ಲಿ ನೆನಪಿನ ದಾರಿಯಿಂದ ದೇಹದ ಕ್ರಿಯೆಗಳ ದಾರಿಗೆ ಹೊರಳಿದ್ದನ್ನೂ ನಾನು ಓದಿದ್ದೆ. ಓದಿದ್ದು ಕೈಗೆ ಬಂದದ್ದು ಇಷ್ಟೆಲ್ಲ ಆದ ಮೇಲೆ.

ಉಳಿದ ದೃಶ್ಯಗಳಿಗೆ ದಾರಿ ಬದಲಿಸಿದೆ. ಅವ್ವನ ಟ್ರಂಕಿನಿಂದ ಒಂದು ಕುಂಚಿಗೆ ತಂದುಕೊಂಡೆ. ಕೂಸಿನ ತಲೆಗೆ ಹೊದಿಸುವ, ಅಂಚಿಗೆ ಕೆಂಪು ಪಟ್ಟಿ ಹೊಲಿದ, ತೊಳೆದು ತೊಳೆದು ಮೆತ್ತಗಾದದ್ದು. ಏನನ್ನೂ ನೆನೆಯುವುದಿಲ್ಲ, ಇದನ್ನು ಮಡಿಸುತ್ತೇನೆ ಎಂದು ನಿರ್ಧರಿಸಿದೆ. ತೊಡೆಯ ಮೇಲೆ ಹಾಸುವುದು, ಸುಕ್ಕು ತೀಡುವುದು, ತಲೆಯ ಭಾಗವನ್ನು ಒಳಗೆ ಮಡಚುವುದು, ಉಳಿದದ್ದನ್ನು ನಾಲ್ಕು ಮಡಿಕೆ ಮಾಡುವುದು. ಪ್ರತಿ ಮಡಿಕೆಗೆ ಒಂದು ಉಸಿರು, ಕೊನೆಯ ಮಡಿಕೆಯ ಮುಂಚೆ ಉಸಿರು ಹಿಡಿಯುವುದು. ಇಪ್ಪತ್ತು ಸಲ ಮನೆಯಲ್ಲಿ ಮಾಡಿದೆ. ಕ್ಯಾಮೆರಾದ ಮುಂದೆ ಉಸಿರು ಹಿಡಿದ ಹೊತ್ತಿಗೆ ಗಂಟಲು ತಾನಾಗಿ ಬಿಗಿಯಿತು. ಟೇಕ್ ಮುಗಿದು ಕುಂಚಿಗೆ ಕೆಳಗಿಟ್ಟೊಡನೆ ಬಿಗಿತವೂ ಇಳಿಯಿತು. ಅಂದು ರಾತ್ರಿ ಹೊಟ್ಟೆತುಂಬ ಉಂಡೆ.

ಆ ಚಿತ್ರಕ್ಕೂ ‘ಎ’ ಬಂತು. ನನಗೆ ತಕರಾರಿಲ್ಲ, ಸಣ್ಣ ಮಕ್ಕಳು ನೋಡಬೇಕಾದ ಚಿತ್ರ ಅದಲ್ಲ. ಆದರೆ ನಮ್ಮ ಕಡೆ ‘ಎ ಪಿಕ್ಚರ್’ ಎಂದರೆ ಜನರ ಮನಸ್ಸಿಗೆ ಬರುವುದು ಬೆಳಗಿನ ಆಟದ ಪೋಸ್ಟರ್ ಒಂದೇ. ಇನ್ನೊಂದು ಕಷ್ಟ ದುಡ್ಡಿನದು: ‘ಎ’ ಪಡೆದ ಚಿತ್ರವನ್ನು, ಕತ್ತರಿಸಿ ಮತ್ತೆ ಪ್ರಮಾಣಪತ್ರ ಪಡೆಯದ ಹೊರತು, ಟಿವಿಯಲ್ಲಿ ತೋರಿಸುವಂತಿಲ್ಲ. ಸಣ್ಣ ನಿರ್ಮಾಪಕನಿಗೆ ಟಿವಿ ಹಕ್ಕಿನ ಹಣವೇ ಉಸಿರಾಗಿರುವಾಗ ಹಾಲಿನ ದೃಶ್ಯ ಉಳಿಸಿಕೊಳ್ಳುವುದೆಂದರೆ ಮನೆಯ ಬಂಗಾರ ಅಡವಿಡುವುದೇ. ನಮ್ಮವರು ಉಳಿಸಿಕೊಂಡರು. 1952ರ ಸಿನಿಮಾ ಕಾಯ್ದೆಗೆ 2023ರಲ್ಲಿ ತಂದ ತಿದ್ದುಪಡಿಯಿಂದ ಹಿರಿಯರ ಮಾರ್ಗದರ್ಶನದಲ್ಲಿ ಮಕ್ಕಳೂ ನೋಡಬಹುದಾದ ‘ಯುಎ’ ಎಂಬುದು 7, 13, 16 ವರ್ಷಗಳ ಮೂರು ಮೆಟ್ಟಿಲಾಗಿದೆ. ನಡುವಿನ ಚಿತ್ರಗಳಿಗೆ ಇದರಿಂದ ಜಾಗ ಸಿಕ್ಕೀತೆಂದು ನನ್ನ ಆಸೆ.

ಮೂರನೆಯ ಚಿತ್ರ 2023ರದ್ದು. ಹದಿನೈದು ವರ್ಷ ಸಂಸಾರ ಮಾಡಿ ದೂರವಾದ ಗಂಡ ಹೆಂಡಿರು ಒಂದು ಮಳೆಗಾಲದಲ್ಲಿ ಮತ್ತೆ ಒಂದೇ ಹಾಸಿಗೆಗೆ ಬರುವ ಕಥೆ. ಕಥೆ ಹೇಳಲು ಮನೆಗೆ ಬಂದ ನಿರ್ದೇಶಕಿಗೆ ನಾನು ಮೊದಲ ಚಿತ್ರದ ವಿಷಯ ತಿಳಿಸಿ, ಆಗುವುದಿಲ್ಲವೆಂದೆ. ಆಕೆ ಒತ್ತಾಯಿಸಲಿಲ್ಲ. ಹದಿನೈದು ದಿನ ಬಿಟ್ಟು ಮುಂಬೈಯಿಂದ ಇಂಟಿಮಸಿ ಕೋಆರ್ಡಿನೇಟರ್ ಒಬ್ಬರನ್ನು ಕರೆಸುತ್ತಿರುವುದಾಗಿ, ಅವರೊಡನೆ ಮಾತಾಡಿದ ಮೇಲೆಯೂ ಬೇಡವೆನಿಸಿದರೆ ಬಿಡಿರೆಂದು ಹೇಳಿ ಕಳಿಸಿದರು. ಹೊಡೆದಾಟದ ದೃಶ್ಯಕ್ಕೆ ಫೈಟ್ ಮಾಸ್ಟರ್ ಇದ್ದಂತೆ ಹಾಸಿಗೆಯ ದೃಶ್ಯಕ್ಕೆ ಇವರು. ನಮ್ಮ ದೇಶದಲ್ಲಿ ಈ ಕೆಲಸ ಬಹಳ ಹೊಸದು.

ಧಾರವಾಡದ ಒಂದು ಸಣ್ಣ ಹಾಲ್‌ನಲ್ಲಿ ಮೂರು ದಿನ ತಾಲೀಮು ನಡೆಯಿತು. ಮೊದಲ ದಿನ ಯಾರೂ ಯಾರನ್ನೂ ಮುಟ್ಟಲಿಲ್ಲ. ಮನುಷ್ಯನ ಮೈಯ ಬರಿಯ ಗೆರೆಚಿತ್ರವಿದ್ದ ಹಾಳೆ ಕೊಟ್ಟು, ಮುಟ್ಟಬಹುದಾದಲ್ಲಿ ಹಸಿರು, ಕೇಳಿ ಮುಟ್ಟಬೇಕಾದಲ್ಲಿ ಹಳದಿ, ಮುಟ್ಟಲೇಬಾರದಲ್ಲಿ ಕೆಂಪು ತುಂಬಲು ಹೇಳಿದರು. ಮೂವತ್ತೆಂಟು ವಯಸ್ಸಿನ ನಾನು ಶಾಲೆಯ ಹುಡುಗಿಯಂತೆ ಬಣ್ಣದ ಪೆನ್ಸಿಲ್ ಹಿಡಿದು ಕುಳಿತೆ. ಕೊರಳಿನ ಹಿಂಭಾಗಕ್ಕೆ ಕೆಂಪು ಬಂತು. ಅದೇಕೆಂದು ಯೋಚಿಸಿದಾಗ 2014ರ ಮೂರನೆಯ ಟೇಕ್ ನೆನಪಾಯಿತು. ಪೆನ್ಸಿಲಿಗೆ ಗೊತ್ತಿದ್ದದ್ದು ನನಗೆ ಮರೆತಿತ್ತು. ನನ್ನ ಎದುರಿನ ನಟನೂ ತನ್ನ ಹಾಳೆಯಲ್ಲಿ ಹೊಟ್ಟೆಗೆ ಕೆಂಪು ಹಾಕಿದ್ದ. ಗಂಡಸರಿಗೂ ಇಂಥದ್ದು ಇರುತ್ತದೆಂದು ನಾನು ಅದುವರೆಗೆ ಯೋಚಿಸಿಯೇ ಇರಲಿಲ್ಲ.

ಎರಡನೆಯ ದಿನ ಚಲನೆಗಳನ್ನು ಎಣಿಕೆಗೆ ಕಟ್ಟಿದರು. ಒಂದು ಎರಡಕ್ಕೆ ಅವನ ಬಲಗೈ ನನ್ನ ಭುಜಕ್ಕೆ, ಮೂರಕ್ಕೆ ನಾನು ಮುಖ ತಿರುಗಿಸುವುದು, ನಾಲ್ಕರಿಂದ ಆರರವರೆಗೆ ಕಾಯುವುದು. ತಾಳ ಹಾಕಿ ಕಲಿತ ಹಾಡಿನಂತೆ ದೃಶ್ಯ ಮೈಗೆ ಕೂತಿತು. ಇಬ್ಬರ ಮೈ ನಡುವೆ ಒಂದು ತೆಳು ದಿಂಬು ಇರುತ್ತದೆ, ಮೈಬಣ್ಣದ ಬಟ್ಟೆ ಇರುತ್ತದೆ, ಕ್ಯಾಮೆರಾಕ್ಕೆ ಎರಡೂ ಕಾಣುವುದಿಲ್ಲ. ಯಾವ ದೃಶ್ಯದಲ್ಲಿ ಏನು ಕಾಣಬೇಕು, ಏನು ಕಾಣಬಾರದು, ಆ ತುಣುಕನ್ನು ಟ್ರೇಲರ್‌ಗೆ ಬಳಸಬಹುದೋ ಇಲ್ಲವೋ ಎಂಬುದೆಲ್ಲ ಎರಡು ಪುಟಗಳಲ್ಲಿ ಬರಹಕ್ಕಿಳಿಯಿತು. ಇಂಗ್ಲಿಷಿನಲ್ಲಿದ್ದ ಆ ಪುಟಗಳನ್ನು ಕನ್ನಡಕ್ಕೆ ತರುವವರೆಗೆ ಸಹಿ ಹಾಕುವುದಿಲ್ಲವೆಂದೆ. ಇಂಗ್ಲಿಷ್ ನನಗೆ ತಿಳಿಯುತ್ತದೆ. ಮೈಯ ಮಾತಿಗೆ ನನ್ನ ನುಡಿಯೇ ಬೇಕಾಗಿತ್ತು.

ಶೂಟಿಂಗಿನ ದಿನ ಕೋಣೆಯಲ್ಲಿ ನಮ್ಮಿಬ್ಬರ ಹೊರತು ಐವರು. ಹೊರಗಿದ್ದ ಮಾನಿಟರಿಗೆ ಕರಿ ಬಟ್ಟೆ. ‘ಕಟ್’ ಎಂದ ಕ್ಷಣವೇ ಶಾಲು ಹೊದಿಸಲು ಒಬ್ಬ ಹುಡುಗಿ ಸಿದ್ಧಳಾಗಿ ನಿಂತಿದ್ದಳು. ನಾಲ್ಕರಿಂದ ಆರರ ಆ ಕಾಯುವಿಕೆಯಲ್ಲಿ, ಮುಂದೆ ಏನು ಬರುತ್ತದೆಂದು ಪೂರ್ತಿ ಗೊತ್ತಿದ್ದುದರಿಂದಲೇ, ಆ ಹೆಂಡತಿಯ ಹಿಂಜರಿಕೆ, ಬಯಕೆ, ಸಿಟ್ಟು ಮೂರೂ ಮುಖಕ್ಕೆ ಬರಲು ತೆರಪು ಸಿಕ್ಕಿತು. ಎಣಿಸಿ ಮಾಡಿದರೆ ಯಾಂತ್ರಿಕವಾಗುತ್ತದೆ ಎನ್ನುವವರಿಗೆ ಆ ದೃಶ್ಯವನ್ನೇ ತೋರಿಸುತ್ತೇನೆ.

ದಿನದ ಕೊನೆಯಲ್ಲಿ ಪಾತ್ರ ಕಳಚುವ ಕೆಲಸ. ಕೋಆರ್ಡಿನೇಟರ್ ನಮ್ಮಿಬ್ಬರನ್ನು ಎದುರುಬದುರು ನಿಲ್ಲಿಸಿ, ಅಂಗೈಗೆ ಅಂಗೈ ತಟ್ಟಿಸಿ, ನಮ್ಮ ನಿಜ ಹೆಸರು ಹೇಳಿಸುತ್ತಿದ್ದರು. ನಾನು ಅದಕ್ಕೆ ನನ್ನದೊಂದನ್ನು ಸೇರಿಸಿಕೊಂಡೆ. ಮದುವೆಯಾಗದ ನಾನು ಪಾತ್ರಕ್ಕಾಗಿ ಕಾಲುಂಗುರ ತೊಡುತ್ತಿದ್ದೆ. ಪ್ರತಿ ಸಂಜೆ ಕುಳಿತು, ಬಾತುಕೊಂಡ ಬೆರಳಿಗೆ ಎಣ್ಣೆ ಸವರಿ, ಅವನ್ನು ತಿರುಗಿಸಿ ತಿರುಗಿಸಿ ತೆಗೆದು, ಸ್ಟೀಲಿನ ಡಬ್ಬಿಯಲ್ಲಿಟ್ಟು, ಕಾಸ್ಟ್ಯೂಮ್ ಹುಡುಗಿಯ ನೋಟುಬುಕ್ಕಿನಲ್ಲಿ ಸಹಿ ಹಾಕಿ ಒಪ್ಪಿಸುತ್ತಿದ್ದೆ. ಬೆರಳಿನ ಬುಡದಲ್ಲಿ ಬಿಳಿ ಗೆರೆ ಉಳಿಯುತ್ತಿತ್ತು. ರಾತ್ರಿ ಮಲಗುವ ಹೊತ್ತಿಗೆ ಅದೂ ಮಾಸುತ್ತಿತ್ತು. 2014ರಲ್ಲಿ ಆ ಸೀರೆಯನ್ನು ಯಾರಾದರೂ ನನ್ನಿಂದ ಹೀಗೆ ಇಸಿದುಕೊಂಡಿದ್ದರೆ ಎಂದು ಒಮ್ಮೊಮ್ಮೆ ಅನಿಸುತ್ತದೆ.

ಕೇರಳದ ಚಿತ್ರರಂಗದ ಹೆಣ್ಣುಮಕ್ಕಳ ಸ್ಥಿತಿಗತಿ ಕುರಿತ ನ್ಯಾಯಮೂರ್ತಿ ಹೇಮಾ ಸಮಿತಿಯ ವರದಿ 2019ರ ಕೊನೆಗೆ ಸರ್ಕಾರದ ಕೈಸೇರಿ, 2024ರ ಆಗಸ್ಟ್‌ನಲ್ಲಿ ಹೊರಬಂದಾಗ ನಾನು ಪುಟ ಪುಟವಾಗಿ ಓದಿದೆ. ಕನ್ನಡಕ್ಕೂ ಅಂಥ ಸಮಿತಿ ಬೇಕೆಂದು ಇಲ್ಲಿಯ ಕಲಾವಿದರು ಮುಖ್ಯಮಂತ್ರಿಗಳಿಗೆ ಮನವಿ ಕೊಟ್ಟರು. ದೊಡ್ಡ ಬದಲಾವಣೆಗಳು ಬೆಂಗಳೂರಿನಲ್ಲಿ ಆಗಬೇಕಾದವು, ಆಗಲೇಬೇಕು. ನಮ್ಮ ಹುಬ್ಬಳ್ಳಿ, ಹಾವೇರಿಗಳಲ್ಲಿ ಐದು ಹತ್ತು ಜನ ಸೇರಿ ಸಿನಿಮಾ ಮಾಡುವವರಿಗೆ ಮುಂಬೈಯಿಂದ ಯಾರನ್ನೋ ಕರೆಸುವಷ್ಟು ಹಣವಿರುವುದಿಲ್ಲ. ಆದರೆ ಗೆರೆಚಿತ್ರದ ಹಾಳೆಗೆ ಖರ್ಚಾಗುವುದು ಎರಡು ರೂಪಾಯಿ. ಕೋಣೆಯಿಂದ ಹದಿನೈದು ಜನರನ್ನು ಹೊರಗೆ ಕಳಿಸಲು ಅದೂ ಬೇಕಿಲ್ಲ.

ಹೋದ ತಿಂಗಳು ಹುಬ್ಬಳ್ಳಿಯ ಹುಡುಗರ ಗುಂಪೊಂದು ತಮ್ಮ ಮೊದಲ ಚಿತ್ರಕ್ಕೆ ನನ್ನನ್ನು ತಾಯಿಯ ಪಾತ್ರಕ್ಕೆ ಕರೆಯಿತು. ಮಗಳ ಪಾತ್ರದವಳು ಹಾವೇರಿಯವಳು, ಇಪ್ಪತ್ತೆರಡು ವರ್ಷ. ಚಿತ್ರಕಥೆಯಲ್ಲಿ ಮತ್ತೆ ಅಂಥದೇ ಒಂದು ಸಾಲಿತ್ತು. ನಾನು ನಿರ್ದೇಶಕನನ್ನು ಪಕ್ಕಕ್ಕೆ ಕರೆದು, ಈ ಒಂದು ಸಾಲು ಎರಡು ಪುಟ ಆಗುವವರೆಗೆ ನನ್ನ ಪಾತ್ರವೂ ಶುರುವಾಗುವುದಿಲ್ಲ ಎಂದೆ. ಅವನು ಒಳ್ಳೆಯ ಹುಡುಗ. ‘ಹೆಂಗ ಬರೀಬೇಕಂತ ಗೊತ್ತಿಲ್ಲರಿ ಅಕ್ಕಾರ, ನೀವು ಕೂಡ್ರಿ’ ಎಂದ. ಮೂವರೂ ಕುಳಿತೆವು. ಆ ಹುಡುಗಿಗೆ ಹಾಳೆ, ಮೂರು ಪೆನ್ಸಿಲ್ ಕೊಟ್ಟೆ. ಬೇಗ ಬೇಗ ಎಲ್ಲ ಕಡೆ ಹಸಿರು ತುಂಬಿದಳು, ನಮ್ಮನ್ನು ಮೆಚ್ಚಿಸಲೆಂಬಂತೆ. ಆಮೇಲೆ ಕೈ ನಿಂತಿತು. ಹಾಳೆಯನ್ನೇ ನೋಡುತ್ತ ಸಣ್ಣ ದನಿಯಲ್ಲಿ, ‘ಅಕ್ಕಾರ, ಇದನ್ನ ನಾಳಿ ಬದಲಿ ಮಾಡಬಹುದೇನ್ರಿ?’ ಎಂದು ಕೇಳಿದಳು.

‘ನಾಳೆ ಮಾಡಬಹುದು, ಶೂಟಿಂಗ್ ದಿನಾನೂ ಮಾಡಬಹುದು’ ಎಂದು ಹೇಳಿ ಚೀಲದಿಂದ ಇನ್ನೊಂದು ಖಾಲಿ ಹಾಳೆ ತೆಗೆದುಕೊಟ್ಟೆ.